ಬೇವಿನ ಸೊಪ್ಪು ಕಟ್ಟಿದ ನಾಲ್ಕು ದಿನ

ಐದಕ್ಕೆ ಎದ್ದೆ. ಬಾಗಿಲಿಗೆ ನೀರು ಹಾಕಿ ಎರಡೆಳೆ ರಂಗೋಲಿ ಬಿಟ್ಟೆ. ನಲ್ಲಿ ಬಿಡುವ ದಿನವಾದ್ದರಿಂದ ಸಂಪು, ಎರಡು ಡ್ರಮ್ಮು, ಬಚ್ಚಲ ಹಂಡೆ ತುಂಬಿಸಿದೆ. ಹಾಲು ಕಾಸಿದೆ. ದೋಸೆಗೆ ಅಕ್ಕಿ, ಉದ್ದು ನೆನೆಹಾಕಿದೆ. ಹುರುಳಿಕಾಯಿ ಸೋಸಿ ಪಲ್ಯ ಮಾಡಿ ಇವರ ಡಬ್ಬಿಗೆ ತುಂಬಿದೆ. ಗ್ಯಾಸ್ ಬುಕ್ ಮಾಡಿದೆ. ಪಕ್ಕದ ಮನೆಯವರ ಮಿಕ್ಸಿ ಜಾರ್ ತೊಳೆದು ವಾಪಸ್ ಕೊಟ್ಟೆ. ಇವರ ಎರಡು ಶರ್ಟಿಗೆ ಗಂಜಿ ಹಾಕಿ ಒಣಗಲು ಹರವುತ್ತಿದ್ದೆ, ಒಂಬತ್ತೂಕಾಲಕ್ಕೆ ಓರಗಿತ್ತಿಯ ಫೋನು.

ಆ ಮಂಗಳವಾರದ ಪುಟದಲ್ಲಿ ಇಷ್ಟೂ ಇದೆ. ದಿನಾ ಏನು ಮಾಡಿದೆ, ಯಾರು ಬಂದರು, ಯಾರಿಗೆ ಕಾಫಿ ಆಯಿತು ಯಾರಿಗೆ ಆಗಲಿಲ್ಲ ಅಂತ ನೋಟ್‌ಬುಕ್ಕಿನಲ್ಲಿ ಬರೆದಿಡುವುದು ನನ್ನ ಹಳೇ ಚಾಳಿ. ನಮ್ಮ ಮನೆಯವರು ಹೈಸ್ಕೂಲಿನ ಹೆಡ್‌ಮಾಸ್ಟರು, ಹಾಜರಿ ಪುಸ್ತಕ ನಾನಲ್ಲ ನೀನು ಇಡಬೇಕಾಗಿತ್ತು ಅಂತ ಆಡಿಕೊಳ್ಳುತ್ತಾರೆ. ಆಡಿಕೊಳ್ಳಲಿ. ಗಂಜಿ ಹಾಕಿದ ಶರ್ಟಿನ ಕೆಳಗಿನ ಸಾಲು ಹೀಗಿದೆ: "ಮೈದುನನನ್ನು ಯಾರೋ ಎತ್ತಿಕೊಂಡು ಹೋಗಿದ್ದಾರಂತೆ. ಹತ್ತು ಗಂಟೆ ಬಸ್ಸಿಗೆ ನರಸೀಪುರ."

ಮೈದುನನಿಗೆ ತಿ. ನರಸೀಪುರದಲ್ಲಿ ಪಂಪ್‌ಸೆಟ್ಟು, ಪೈಪು, ಬೋರ್‌ವೆಲ್ ಸಾಮಾನಿನ ಅಂಗಡಿ. ಹಿಂದಿನ ಸಂಜೆ ಯಾರದೋ ತೋಟದಲ್ಲಿ ಮೋಟರ್ ಕೆಟ್ಟಿದೆ, ನೋಡಿ ಬರುತ್ತೇನೆ ಅಂತ ಹೋದವನು ವಾಪಸ್ ಬರಲಿಲ್ಲ. ಬೆಳಿಗ್ಗೆ ಅವನ ಫೋನಿನಿಂದಲೇ ಬೇರೆ ಯಾರೋ ಮಾತಾಡಿದರು. ನಿನ್ನ ಗಂಡ ನಮ್ಮ ಹತ್ತಿರ ಇದ್ದಾನೆ, ದುಡ್ಡು ಹೊಂದಿಸು, ಪೊಲೀಸಿಗೆ ಹೋದರೆ ಆಸೆ ಬಿಡು ಅಂದರಂತೆ. ಅವರು ಕೇಳಿದ್ದು ಅಂಗಡಿ, ಮನೆ ಎರಡನ್ನೂ ಮಾರಿ ನಾವೆಲ್ಲ ಬೀದಿಯಲ್ಲಿ ನಿಂತರೂ ಹುಟ್ಟದಷ್ಟು. ಅಂಗಡಿ ಮುಂದೆ ಪೈಪು ರಾಶಿ ಬಿದ್ದಿದ್ದರೆ ಜನ ಅದೆಲ್ಲ ನಮ್ಮದೇ ಅಂದುಕೊಳ್ಳುತ್ತಾರೆ. ಅರ್ಧಕ್ಕರ್ಧ ಕಂಪನಿಯವರು ಸಾಲದ ಮೇಲೆ ಇಳಿಸಿಹೋದದ್ದು ಅಂತ ಯಾರಿಗೆ ಹೇಳೋಣ.

ನನ್ನ ಓರಗಿತ್ತಿ ಸೊಸೈಟಿಗೂ ಒಬ್ಬಳೇ ಹೋಗದ ಹೆಣ್ಣು. ಅವಳು ನನಗೆ ಫೋನ್ ಮಾಡುವ ಮೊದಲೇ ಹಿತ್ತಲ ಬಾಗಿಲಿನಿಂದ ಹೊರಟು ನೇರ ಪೊಲೀಸ್ ಸ್ಟೇಷನ್ನಿಗೆ ಹೋಗಿ ಹೇಳಿಬಂದಿದ್ದಳು. ಬಸ್ಸಿನಲ್ಲಿ ಇವರದು ಅದೇ ರಾಗ, ಯಾರನ್ನು ಕೇಳಿ ಹೋದಳು, ಯಾರನ್ನು ಕೇಳಿ ಹೋದಳು ಅಂತ. ಕಂಡಕ್ಟರ್ ಎರಡು ಸಲ ತಿರುಗಿ ನೋಡಿದ. ಕೊನೆಗೆ ನಾನು, ನೀವಿದ್ದಿದ್ದರೆ ಕೇಳುತ್ತಿದ್ದಳು, ನೀವು ಪ್ರೇಯರ್‌ನಲ್ಲಿದ್ದಿರಿ ಅಂದೆ. 

ಮನೆಯಲ್ಲಿ ಅತ್ತೆ ದೇವರ ಮುಂದೆ ಕೂತಿದ್ದರು. ಓರಗಿತ್ತಿಯ ಮಗಳು, ಒಂಬತ್ತು ವರ್ಷದ್ದು, ಸ್ಕೂಲ್ ಯೂನಿಫಾರಂ ಹಾಕಿಕೊಂಡು ಯಾರೂ ಕರೆದುಕೊಂಡು ಹೋಗದೆ ಬಾಗಿಲಲ್ಲೇ ನಿಂತಿತ್ತು. ಅವಳನ್ನು ಮುಂದಿನ ಬಸ್ಸಿಗೇ ಇವರ ಜೊತೆ ನಂಜನಗೂಡಿಗೆ, ನಮ್ಮ ಮನೆಗೆ ಕಳಿಸಿದೆ. ಹೊಟ್ಟೆಗೇನಾದರೂ ಮಾಡೋಣ ಅಂತ ಫ್ರಿಜ್ ತೆಗೆದರೆ ಬಾಗಿಲ ಗೂಡಿನಲ್ಲಿ ಮೈದುನನ ಇನ್ಸುಲಿನ್ ಬಾಟಲಿ. ಅಲ್ಲಿಯವರೆಗೂ ಧೈರ್ಯವಾಗೇ ಇದ್ದೆ. ಅದನ್ನು ನೋಡಿದ ಮೇಲೆ ಅಡಿಗೆಯನ್ನೇ ಮರೆತೆ. ಅವನಿಗೆ ಆರು ವರ್ಷದಿಂದ ಸಕ್ಕರೆ ಕಾಯಿಲೆ, ಬೆಳಿಗ್ಗೆ ಸಂಜೆ ಸೂಜಿ. ಮೊದಲ ಸಲ ಗೊತ್ತಾದಾಗ ನಮ್ಮ ಮನೆಯಲ್ಲೇ ತಿಂಗಳಿದ್ದು, ಚುಚ್ಚಿಕೊಳ್ಳುವುದನ್ನು ನಾನೇ ಪಕ್ಕದಲ್ಲಿ ಕೂತು ಕಲಿಸಿದ್ದು. ಎರಡು ಗಂಟೆಯ ಕೆಲಸ ಅಂತ ಹೋದವನು ಸೂಜಿ ಯಾಕೆ ಒಯ್ಯುತ್ತಾನೆ? ದುಡ್ಡು ಹೊಂದಿಸಲು ಅವರು ಒಂದು ವಾರ ಕೊಟ್ಟಿದ್ದರು. ವಾರ ತಡೆಯುವ ಮೈಯಲ್ಲ ಅದು.

ಹನ್ನೆರಡರ ಹೊತ್ತಿಗೆ ಮೈಸೂರಿನಿಂದ ಒಬ್ಬರು ಬಂದರು. ಸಣಕಲು ಮೈ, ಚೌಕಳಿ ಶರ್ಟು, ಕೈಯಲ್ಲಿ ಬಟ್ಟೆ ಬ್ಯಾಗು, ಬ್ಯಾಂಕಿನ ಗುಮಾಸ್ತರ ಹಾಗೆ. ಪೊಲೀಸ್ ಇಲಾಖೆಯಲ್ಲೇ ಇಂಥವರ ಜೊತೆ ಮಾತುಕತೆ ನಡೆಸುವುದಕ್ಕೆ ತರಬೇತಿ ಆದವರಂತೆ. ಬೀದಿಯವರು ಕೇಳಿದರೆ ತಮ್ಮನ್ನು ನನ್ನ ಅಣ್ಣ ಅಂತ ಹೇಳಬೇಕು ಅಂದರು. ಅತ್ತೆ ಅದನ್ನು ಎಷ್ಟು ಮನಸ್ಸಿಗೆ ಹಚ್ಚಿಕೊಂಡರೆಂದರೆ, ಕೊನೆಯವರೆಗೂ ಅವರನ್ನು ಬೀಗರೇ ಬೀಗರೇ ಎಂದೇ ಕರೆದು, ಅವರ ಮುಂದೆ ಸೆರಗು ಹೊದ್ದೇ ಕೂರುತ್ತಿದ್ದರು. ನಾನು ಸರ್ ಅನ್ನುತ್ತಿದ್ದೆ.

ಸರ್ ಮೊದಲು ಮಾಡಿದ ಕೆಲಸ, ಫೋನಿನಲ್ಲಿ ಯಾರು ಮಾತಾಡಬೇಕು ಅಂತ ಗೊತ್ತು ಮಾಡಿದ್ದು. ಓರಗಿತ್ತಿ ಹಲೋ ಅಂದರೆ ಅಳು ಬರುತ್ತಿತ್ತು. ಅತ್ತೆಗೆ ಕೊಟ್ಟರೆ ಅವರ ವಂಶ ಎತ್ತಿ ಶಾಪ ಹಾಕುತ್ತಿದ್ದರು. ಇವರಂತೂ ನಂಜನಗೂಡಿನ ದಾರಿ ಹಿಡಿದಾಗಿತ್ತು, ಇದ್ದಿದ್ದರೆ ಪಾಠ ಶುರು ಮಾಡುತ್ತಿದ್ದರು. ಯಾಕೆ ನಾನೇ ಅಂತ ಕೇಳಿದೆ.

"ಬಂದಾಗಿಂದ ನೋಡ್ತಿದ್ದೀನಮ್ಮ. ಈ ಮನೇಲಿ ಒಂದು ಪ್ರಶ್ನೆಗೆ ಒಂದೇ ಉತ್ತರ ಹೇಳೋರು ನೀವೊಬ್ಬರೇ" ಅಂದರು.

ಹೊಗಳಿಕೆಯೋ ಏನೋ. ಅವರ ಪಾಠ ಹೀಗಿತ್ತು: ಆಯಿತು ಅನ್ನಬಾರದು, ಆಗುವುದಿಲ್ಲ ಅಂತಲೂ ಅನ್ನಬಾರದು. ಜಗಳ ಆಡಬಾರದು. ಫೋನ್ ಮಾಡಿದವನು ಕೊನೆಗೆ ಹೇಳಿದ ಮಾತನ್ನೇ ತಿರುಗಿ ಕೇಳಬೇಕು. ಪ್ರತಿ ಸಲವೂ ಮೈದುನ ಹೇಗಿದ್ದಾನೆ ಅಂತ ವಿಚಾರಿಸಬೇಕು. ತಾವು ಪಕ್ಕದಲ್ಲಿ ಕೂತು ಹಳೇ ಕ್ಯಾಲೆಂಡರಿನ ಹಾಳೆಗಳ ಹಿಂದೆ ದಪ್ಪಕ್ಷರದಲ್ಲಿ ಬರೆದು ತೋರಿಸುತ್ತಿದ್ದರು. ಉಳಿದ ಹೊತ್ತು ಏನು ಕೇಳಿದರೂ "ಕಾಯೋಣ" ಅನ್ನುವರು. ನನ್ನನ್ನು ಎಲ್ಲರೂ ತಾಳ್ಮೆಯವಳು ಅಂತಾರೆ. ಆ ಮನುಷ್ಯನ ತಾಳ್ಮೆ ನೋಡಿ ನನಗೆ ಮೈಯೆಲ್ಲ ಉರಿಯುತ್ತಿತ್ತು.

ಆದರೆ ಅವತ್ತು ನಿಜವಾಗಿ ಕಾಡಿದ್ದು ಎತ್ತಿಕೊಂಡು ಹೋದವರಲ್ಲ, ವಿಚಾರಿಸಿಕೊಂಡು ಹೋಗಲು ಬಂದವರು. ಅಂಗಡಿ ಬಾಗಿಲು ತೆಗೆದಿಲ್ಲ ಅಂತ ಒಬ್ಬರು, ಮಗು ಸ್ಕೂಲಿಗೆ ಬಂದಿಲ್ಲ ಅಂತ ಒಬ್ಬರು, ಅವರು ಬಂದದ್ದನ್ನು ನೋಡಿ ಮತ್ತೊಬ್ಬರು. ಮೋಟರ್ ತರಲು ಕೊಯಮತ್ತೂರಿಗೆ ಹೋಗಿದ್ದಾನೆ ಅಂತ ಹೇಳಿದೆವು. ಸರಿ, ಹೋಗುತ್ತಾರೆ ಅಂದುಕೊಂಡರೆ, ಬಂದಿದ್ದೀವಲ್ಲ ಅಂತ ಕೂತೇಬಿಟ್ಟರು. ನಾಲ್ಕು ಗಂಟೆಯೊಳಗೆ ಹನ್ನೊಂದು ಜನ, ನಾಲ್ಕು ಸಲ ಕಾಫಿ. ಒಬ್ಬರು ನಮ್ಮ 'ಅಣ್ಣ'ನಿಗೆ ಯಾವ ಊರು, ಯಾವ ಮಠದ ಕಡೆಯವರು, ಮಕ್ಕಳೆಷ್ಟು ಅಂತ ಶುರು ಮಾಡಿದರು. ಅಷ್ಟರಲ್ಲಿ ಫೋನು. ಹಾಲ್ ತುಂಬ ಜನ. ಎತ್ತಲಾಗಲಿಲ್ಲ. ಮತ್ತೆ ಬಂತು. ಮೂರನೇ ಸಲಕ್ಕೆ ಫೋನನ್ನು ಸೆರಗಿನಲ್ಲಿ ಮುಚ್ಚಿಕೊಂಡು ಬಚ್ಚಲಿಗೆ ಹೋಗಿ ಅಗುಳಿ ಹಾಕಿಕೊಂಡೆ. ಅಣ್ಣನಾದವರು ತಂಗಿಯ ಹಿಂದೆ ಬಚ್ಚಲಿಗೆ ಬರುವುದು ಹೇಗೆ? ಬರೆದು ತೋರಿಸುವವರಿಲ್ಲದೆ ನಾನು ಎಡವಿದೆ. ಯಾಕೆ ಎತ್ತಲಿಲ್ಲ ಅಂತ ಅವನು ಗದರಿದ್ದಕ್ಕೆ, ಮನೇಲಿ ಜನ ಇದ್ದಾರಪ್ಪ ಅಂದುಬಿಟ್ಟೆ.

"ಯಾವ ಜನ? ಪೊಲೀಸಾ?" ಅಂದವನೇ ಇಟ್ಟುಬಿಟ್ಟ.

ಹೊರಗೆ ಬಂದು ಸರ್‌ಗೆ ಹೇಳಿದೆ. ಅವರ ಮುಖ ಮೊದಲ ಸಲ ಸಣ್ಣಗಾಯಿತು. ಈ ಮನೆ ಖಾಲಿಯಾಗಬೇಕಮ್ಮ, ಇಲ್ಲದಿದ್ದರೆ ನನ್ನಿಂದ ಏನೂ ಆಗುವುದಿಲ್ಲ ಅಂದರು. ಬಾಗಿಲು ಹಾಕಿದರೆ ಇನ್ನೂ ಹೆಚ್ಚು ಜನ ಬರುತ್ತಾರೆ, ನಮ್ಮ ಜನ ಸರ್‌ಗೆ ಗೊತ್ತಿಲ್ಲ. ಅಡಿಗೆಮನೆಯಲ್ಲಿ ಐದನೇ ಸಲದ ಕಾಫಿಗೆ ನೀರಿಡುತ್ತಿದ್ದಾಗ ನನಗೆ ಹೊಳೆಯಿತು. ಬೀದಿ ಕೊನೆಗೆ ಹೋಗಿ ಬೇವಿನ ಸೊಪ್ಪು ಕಿತ್ತು ತಂದೆ. ಗೇಟಿಗೊಂದು ಗೊಂಚಲು, ಬಾಗಿಲಿಗೊಂದು ಗೊಂಚಲು ಕಟ್ಟಿದೆ.

ನಮ್ಮ ಕಡೆ ಬಾಗಿಲಲ್ಲಿ ಬೇವು ಕಟ್ಟಿದರೆ ಆ ಮನೆಯಲ್ಲಿ ಯಾರಿಗೋ ಅಮ್ಮ ಆಗಿದೆ ಅಂತ ಅರ್ಥ. ಡಾಕ್ಟರು ಚಿಕನ್ ಪಾಕ್ಸ್ ಅನ್ನುವುದಕ್ಕೆ ನಾವು ಅಮ್ಮ ಅನ್ನುವುದು. ಅಂಥ ಮನೆಗೆ ಯಾರೂ ಕಾಲಿಡುವುದಿಲ್ಲ. ಆ ಮನೆಯಿಂದ ಏನನ್ನೂ ಈಸಿಕೊಳ್ಳುವುದಿಲ್ಲ. ಒಳಗಿರುವವರು ಒಗ್ಗರಣೆ ಹಾಕುವಂತಿಲ್ಲ, ಕರಿಯುವಂತಿಲ್ಲ. ಕೂತಿದ್ದವರು ಸೊಪ್ಪು ನೋಡಿ, ಯಾರಿಗೆ ಅಂತ ಕೇಳಲೂ ನಿಲ್ಲದೆ ಒಬ್ಬೊಬ್ಬರೇ ಎದ್ದರು. ಐದು ನಿಮಿಷದಲ್ಲಿ ಮನೆ ಖಾಲಿ.

ಸರ್ ಎಲ್ಲರನ್ನೂ ಕೂರಿಸಿ, ಎಲ್ಲರೂ ಒಂದೇ ಸುಳ್ಳು ಹೇಳಬೇಕು, ಯಾರಿಗೆ ಆಗಿದೆ ಅಂತ ಹೇಳೋಣ ಅಂತ ಕೇಳಿದರು. ಮಗು ಹೇಗೂ ಯಾರ ಕಣ್ಣಿಗೂ ಬೀಳುವುದಿಲ್ಲ, ಮಗುವಿಗೆ ಅನ್ನೋಣ ಅಂದೆ. ಅತ್ತೆ ಒಪ್ಪಲಿಲ್ಲ. ಮಗೀನ ಮೇಲೆ ಸುಳ್ಳು ಹಾಕಿದರೆ ಆ ತಾಯಿ ಸುಮ್ಮನಿರುತ್ತಾಳಾ, ನಾಳೆ ನಿಜವಾಗಿ ಬಂದರೆ ಅಂತ ಕೂತರು. ಮಗ ಎಲ್ಲಿದ್ದಾನೋ ಗೊತ್ತಿಲ್ಲ, ಇವರಿಗೆ ಇದೇ ದೊಡ್ಡದಾಯಿತು ಅನ್ನಿಸಿ ನನಗೆ ಸಿಟ್ಟು ಬಂತು. ಸರ್ ಕೈಮುಗಿದು ಕೇಳಿಕೊಂಡ ಮೇಲೆ ಸುಮ್ಮನಾದರು. ಸುಮ್ಮನಾದರು ಅಂದರೆ ಒಪ್ಪಿದರು ಅಂತ ನಾವು ತಿಳಿದುಕೊಂಡೆವು.

ಆ ಸಂಜೆ ಹಾಲಿನವಳು ಬಂದಳು, ಹೂವಿನವಳು ಬಂದಳು. ಅವರನ್ನು ಅತ್ತೆಯೇ ಗೇಟಿನಿಂದ ಮಾತಾಡಿಸಿ ಕಳಿಸಿದರು. ಆರಕ್ಕೆ ನೀರು ತೋರಿಸುವವರು ಬಂದರು. ತೆಂಗಿನಕಾಯಿಯನ್ನು ಅಂಗೈ ಮೇಲಿಟ್ಟುಕೊಂಡು ಹೊಲ ಸುತ್ತಿ, ಇಲ್ಲಿ ಕೊರೆಸಿ ಅಂತ ಬೋರ್‌ವೆಲ್ಲಿಗೆ ಜಾಗ ತೋರಿಸುವುದು ಅವರ ಕಸುಬು. ಮೈದುನನ ಅಂಗಡಿಗೆ ಗಿರಾಕಿ ತರುವವರು, ಈ ಮನೆಯ ಅಡಿಗೆಮನೆಯವರೆಗೂ ಸಲೀಸಾಗಿ ಬಂದು ಮಜ್ಜಿಗೆ ಕೇಳುವವರು. ಅವತ್ತು ಸೊಪ್ಪು ನೋಡಿ ಗೇಟಿನಲ್ಲೇ ನಿಂತು, ಯಾರಿಗೆ ಅಂತ ಕೇಳಿದರು. ಮಗುವಿಗೆ ಅಂದೆ. ಕೆನ್ನೆ ಬಡಿದುಕೊಂಡು ಹೋದರು. ಬರೆದಿಟ್ಟೆ.

ಬುಧವಾರ ಮನೆ ಶಾಂತವಾಗಿತ್ತು, ಊಟ ಮಾತ್ರ ಬಾಯಿಗಿಡುವಂತಿರಲಿಲ್ಲ. ಒಗ್ಗರಣೆಯ ವಾಸನೆ ಬೀದಿಗೆ ಹೋದರೆ ನಮ್ಮ ಅಮ್ಮ ಸುಳ್ಳು ಅಂತ ಗೊತ್ತಾಗಿಬಿಡುತ್ತದೆ. ಕೈ ರೂಢಿ, ಬೆಳಿಗ್ಗೆ ನಾನು ಎಣ್ಣೆಗೆ ಸಾಸಿವೆ ಹಾಕೇಬಿಟ್ಟೆ. ಹಾಲ್‌ನಿಂದ ಸರ್ ಓಡಿಬಂದು ಬಾಣಲೆ ಮೇಲೆ ತಟ್ಟೆ ಮುಚ್ಚಿದರು. ಬರೀ ಬೇಯಿಸಿದ ಬೇಳೆ, ಅನ್ನ, ಮೊಸರು. ಆ ಮನುಷ್ಯ ಅದನ್ನೂ ಚೆನ್ನಾಗಿದೆ ಅಂತ ತಿಂದರು. ಇತ್ತ ನಂಜನಗೂಡಿನಿಂದ ಇವರು ಅರ್ಧ ಗಂಟೆಗೊಮ್ಮೆ ಏನಾಯಿತು ಅಂತ ನಾವು ಕಾಯುತ್ತಿದ್ದ ಫೋನಿಗೇ ಫೋನ್ ಮಾಡುವರು. ನನ್ನ ಫೋನಿಗೆ ಮಾಡಿ ಅಂತ ಹೇಳಿದರೆ, ಅದಕ್ಕೆ ಮಾಡಿದೆ ನೀನು ಎತ್ತಲಿಲ್ಲ ಅನ್ನುವರು. ಎತ್ತಲಿಲ್ಲ, ಯಾಕೆಂದರೆ ಈ ಫೋನಿನಲ್ಲಿ ಅವರ ಜೊತೆಯೇ ಮಾತಾಡುತ್ತಿದ್ದೆ.

ಮಧ್ಯಾಹ್ನ ಅವನು ಫೋನ್ ಮಾಡಿದ. ಮನೆಯಲ್ಲಿದ್ದವರು ನೆಂಟರು, ಎಲ್ಲರೂ ಹೋದರು ಅಂತ ಹೇಳಿ ನಂಬಿಸುವುದಕ್ಕೆ ಹತ್ತು ನಿಮಿಷ ಹಿಡಿಯಿತು. ಮೈದುನನ ದನಿ ಕೇಳಿಸಿದರೆ ಮಾತ್ರ ದುಡ್ಡಿನ ಮಾತು ಅಂತ ಸರ್ ಬರೆದು ತೋರಿಸಿದರು. ಕೇಳಿಸಿದ. "ಅತ್ತಿಗೆ, ಸೂಜಿ ಇಲ್ಲ, ಕನ್ನಡಕ ಒಡೆದುಹೋಯ್ತು, ಎಷ್ಟು ನೀರು ಕುಡಿದ್ರೂ ದಾಹ ಹೋಗ್ತಿಲ್ಲ." ಅಷ್ಟೇ. ಎರಡು ದಿನಕ್ಕೇ ನಾಲಿಗೆ ದಪ್ಪವಾದ ಹಾಗಿತ್ತು. ಆಮೇಲೆ ಸರ್ ಬರೆದದ್ದೆಲ್ಲ ಇನ್ಸುಲಿನ್ ಬಗ್ಗೆಯೇ. ಅವನು ಸತ್ತರೆ ನಿಮಗೂ ಏನೂ ಸಿಗುವುದಿಲ್ಲ, ನಾವೇ ಔಷಧಿ ಕೊಡುತ್ತೇವೆ, ಎಲ್ಲಿ ಇಡಬೇಕು ಹೇಳಿ ಅಂತ ನಾನು ಮೂರು ಸಲ ಬೇರೆ ಬೇರೆ ಥರ ಹೇಳಿದೆ. ನೋಡ್ತೀನಿ ಅಂತ ಇಟ್ಟ.

ಗುರುವಾರ ಬೆಳಿಗ್ಗೆ ಎಂಟೂವರೆಗೆ ಉತ್ತರ ಬಂತು. ಔಷಧಿ ತಾವೇ ಕೊಂಡುಕೊಳ್ಳುತ್ತಾರಂತೆ, ನಮ್ಮದು ಬೇಡವಂತೆ. ಯಾಕಪ್ಪ, ಬೇಡವಾ ಅಂತ ಪಾಠದ ಪ್ರಕಾರ ತಿರುಗಿ ಕೇಳಿದೆ.

"ನಿಮ್ ಮನೆ ಸಾಮಾನು ಮುಟ್ಟಕಾದದಾ? ಮಗೀಗೆ ಅಮ್ಮ ಆಗದಂತಲ್ಲ" ಅಂದ.

ಸರ್ ಕೈಯ ಪೆನ್ನು ನಿಂತಿತು. ನಾನು ಹೂಂ ಅಂದೆ, ಮೈದುನ ಊಟ ಮಾಡಿದನಾ ಅಂತ ಕೇಳಿದೆ, ಅವನು ಇಟ್ಟ ಮೇಲೆ ಗೋಡೆಗೆ ಒರಗಿದೆ. ಎಲ್ಲೋ ಅವಿತುಕೊಂಡು ಕೂತವನಿಗೆ ನಮ್ಮ ಗೇಟಿನ ಸೊಪ್ಪು ಗೊತ್ತಿದೆ. ಅಂದರೆ ನಮ್ಮ ಬೀದಿಗೆ ಬಂದು ಹೋಗುವವರೇ ಯಾರೋ ಸುದ್ದಿ ಮುಟ್ಟಿಸುತ್ತಿದ್ದಾರೆ. ಬೀದಿಯಲ್ಲಿ ಸೊಪ್ಪು ನೋಡಿದವರು ಎಷ್ಟು ಜನವೋ, ಅಂತ ಸರ್ ತಲೆ ಕೆರೆದುಕೊಂಡರು. ಆಗ ಅತ್ತೆ ಮೂಲೆಯಿಂದ ನಿಧಾನವಾಗಿ ಹೇಳಿದರು.

"ನಾ ಯಾರ್ಗೂ ಮಗೀಗೆ ಅಂತ ಯೋಳೇ ಇಲ್ಲ ಕನ ಬೀಗ್ರೇ. ಎಲ್ಲಾರ್ಗೂ ನಂಗೇ ಆಗದೆ ಅಂದೆ. ಬಂದ್ರೆ ಈ ಮುದುಕಿಗೇ ಬರ್ಲಿ ಅಂತ."

ನಾನು ಹಣೆ ಚಚ್ಚಿಕೊಳ್ಳುವುದೊಂದು ಬಾಕಿ. ಒಂದೇ ಸುಳ್ಳು ಹೇಳಬೇಕು ಅಂತ ಕೈಮುಗಿದು ಕೇಳಿದ್ದೇನು, ಇವರು ಮಾಡಿದ್ದೇನು. ಹಾಲಿನವಳಿಗೆ, ಹೂವಿನವಳಿಗೆ, ಎದುರುಮನೆಗೆ, ಪಕ್ಕದ ಮನೆಗೆ, ಎಲ್ಲರಿಗೂ ಅವರೇ ಹೇಳಿದ್ದು, ಎಲ್ಲರಿಗೂ ಮುದುಕಿಗೆ ಅಮ್ಮ. ನಾನು ರೇಗಲು ಬಾಯಿ ತೆರೆದೆ. ಸರ್ ಕೈ ಎತ್ತಿ ತಡೆದರು. ಹಾಗಾದರೆ ಮಗುವಿಗೆ ಅಂತ ಯಾರಾದರೂ ಯಾರಿಗಾದರೂ ಹೇಳಿದಿರಾ ಅಂತ ಮೆಲ್ಲಗೆ ಕೇಳಿದರು.

ನೋಟ್‌ಬುಕ್ ತಂದೆ. ಮಂಗಳವಾರ, ಸಂಜೆ ಆರು. ನೀರು ತೋರಿಸುವವರು, ಗೇಟಿನಲ್ಲಿ, ಕಾಫಿ ಇಲ್ಲ. ಅವರೊಬ್ಬರಿಗೇ ನಾನು ಮಗುವಿಗೆ ಅಂದದ್ದು, ಓರಗಿತ್ತಿ ಬಾಗಿಲ ಹತ್ತಿರಕ್ಕೇ ಹೋಗಿರಲಿಲ್ಲ. ಓದುತ್ತಿದ್ದ ಹಾಗೇ ಇನ್ನೊಂದು ನೆನಪಾಯಿತು. ಅವತ್ತು ಬಂದ ಪ್ರತಿಯೊಬ್ಬರೂ ಮೊದಲು ಕೇಳಿದ್ದು ಯಜಮಾನರೆಲ್ಲಿ ಅಂತ. ಅವರೊಬ್ಬರು ಕೇಳಲಿಲ್ಲ.

ಸರ್ ಹಿಗ್ಗಲೂ ಇಲ್ಲ, ಏನೂ ಇಲ್ಲ. ಸಕ್ಕರೆ ಇಲ್ಲದ ಟೀ ಇನ್ನೊಂದು ಲೋಟ ಕೊಡಿ ಅಂದರು. ಲೋಟ ಹಿಡಿದು ಹಿತ್ತಲಿಗೆ ಹೋಗಿ ತುಂಬ ಹೊತ್ತು ಫೋನಿನಲ್ಲಿ ಮಾತಾಡಿ ಬಂದರು. ಇನ್ನೇನು, ಈಗಲೇ ಹಿಡಿದು ತರುತ್ತಾರೆ ಅಂತ ನಾನೂ ಓರಗಿತ್ತಿಯೂ ಎದ್ದು ನಿಂತಿದ್ದೆವು. ಬಂದವರು ಹೇಳಿದ್ದು ಅದೇ ಮಾತು, ಕಾಯೋಣ.

ನನಗೆ ತಡೆಯಲಿಲ್ಲ. ಮೂರು ದಿನ ಆಯಿತು ಅವನ ಮೈಗೆ ಔಷಧಿ ಬಿದ್ದು, ಇವತ್ತು ದನಿಯನ್ನೂ ಕೇಳಿಸಲಿಲ್ಲ, ನೀವು ಕೂತು ಕಾಯಿರಿ ಅಂತ ಏರಿಸಿ ಮಾತಾಡಿದೆ. ಪೊಲೀಸರ ಮುಂದೆ ನಾನು ಹಾಗೆ ಮಾತಾಡಿದ್ದು ನೋಡಿ ಓರಗಿತ್ತಿ ಅಳುವುದನ್ನೇ ನಿಲ್ಲಿಸಿದಳು. ಸರ್ ಬೇಜಾರು ಮಾಡಿಕೊಳ್ಳಲಿಲ್ಲ. ಅವರನ್ನು ಈಗ ಹಿಡಿದರೆ ಜೊತೆಯವರಿಗೆ ಗೊತ್ತಾಗುತ್ತದೆ, ಆಗ ನಿಮ್ಮ ಮೈದುನ ಅವರಿಗೆ ಬರೀ ಭಾರ, ಭಾರವನ್ನು ಜನ ಏನು ಮಾಡುತ್ತಾರೆ ನೀವೇ ಹೇಳಿ ಅಂದರು. ಊರೊಳಗೆ ಓಡಾಡಿಕೊಂಡಿರುವವರು ಅವರೊಬ್ಬರೇ, ಔಷಧಿ ಕೊಳ್ಳಲು ಅವರೇ ಹೋಗುತ್ತಾರೆ, ಕೊಂಡದ್ದನ್ನು ನಿಮ್ಮ ಮೈದುನ ಇರುವಲ್ಲಿಗೇ ಒಯ್ಯುತ್ತಾರೆ, ಹಿಂದೆ ನಮ್ಮವರು ಇರುತ್ತಾರೆ. ಸಂಜೆ ಡಾಕ್ಟರೊಬ್ಬರಿಗೆ ಫೋನ್ ಮಾಡಿ, ಇಷ್ಟು ದಿನ ತಪ್ಪಿದ ಮೈಗೆ ಎಷ್ಟು ಹಾಕಬೇಕು ಅಂತ ನನ್ನೆದುರೇ ಕೇಳಿದರು. ಮೊದಲ ಸಲಕ್ಕೆ ಎಂಟೇ ಯೂನಿಟ್, ಹೆಚ್ಚಾದರೆ ಅಪಾಯ, ಸಿಕ್ಕ ತಕ್ಷಣ ಆಸ್ಪತ್ರೆಗೆ ಅಂತ ಅವರು ಹೇಳಿದರು.

ಶುಕ್ರವಾರ ಹತ್ತೂಮುಕ್ಕಾಲಕ್ಕೆ ಫೋನು. ದುಡ್ಡಿನ ಮಾತೇ ಇಲ್ಲ. ಔಷಧಿ ಬಂದಿದೆಯಂತೆ, ಚುಚ್ಚುವುದು ಹೇಗೆ ಅಂತ ಗೊತ್ತಾಗುತ್ತಿಲ್ಲವಂತೆ. ಮೈದುನನಿಗೆ ಕನ್ನಡಕವಿಲ್ಲದೆ ಸಿರಿಂಜಿನ ಗೆರೆ ಕಾಣದು, ಅದೂ ಅಲ್ಲದೆ ಅವನು ಮಂಪರಿನಲ್ಲಿ ಏನೇನೋ ಅನ್ನುತ್ತಿದ್ದಾನಂತೆ. ಸರ್ ಹಾಳೆ ಎತ್ತಿ ಹಿಡಿದರು: "ನಮ್ಮವರು ಹತ್ತಿರ ಇದ್ದಾರೆ. ನಿಧಾನ. ಮಾತಿಗೆ ಹಿಡಿದಿಟ್ಟುಕೊಳ್ಳಿ."

"ಸಿರಿಂಜಿಗೆ ಕೆಂಪು ಮುಚ್ಚಳ ತಾನೇ?" ಅಂದೆ. ಬೇರೆ ಬಣ್ಣದ್ದಾದರೆ ಅಳತೆಯೇ ಬೇರೆ.

"ಕೆಂಪೇ ಕನಮ್ಮೋ."

"ಬಾಟಲಿ ಮೇಲೆ ನಲವತ್ತು ಅಂತ ಇದೆಯಾ ನೋಡು."

"ಇಂಗ್ಲೀಸಲ್ಲಿ ಏನೇನೋ ಅದೆ."

"ನಾಲ್ಕು, ಪಕ್ಕದಲ್ಲಿ ಸೊನ್ನೆ. ಅದನ್ನ ನೋಡಪ್ಪ, ಉಳಿದದ್ದು ಬಿಡು."

ಇತ್ತು. ಬಾಟಲಿಯನ್ನು ಕುಲುಕಬೇಡ, ಅಂಗೈಯಲ್ಲಿಟ್ಟು ಉರುಳಿಸು ಅಂದೆ. ಬುಡದಿಂದ ಎಂಟು ಗೆರೆಯವರೆಗೆ ಎಳಿ ಅಂದೆ. ಅವನು ಎಣಿಸಿದ. ಒಂದು ಸಲ ಎಂಟು ಬಂತು, ಇನ್ನೊಂದು ಸಲ ಒಂಬತ್ತು. ಇನ್ನೊಬ್ಬನಿಂದ ಎಣಿಸು ಅಂದೆ. ಅವನಿಗೆ ಏಳು ಬಂತು. ಗುಳ್ಳೆ ಇದ್ದರೆ ಬೆರಳಿನಿಂದ ತಟ್ಟು ಅಂದೆ. ತಟ್ಟುವುದಕ್ಕೆ ಹೋಗಿ ಅರ್ಧ ಚೆಲ್ಲಿದ. ಮೊದಲಿನಿಂದ ಶುರು. ಈ ಸಲ ಇಬ್ಬರ ಎಣಿಕೆಯೂ ಎಂಟಕ್ಕೆ ನಿಂತಿತು. ಸರ್ 'ನಿಧಾನ' ಅನ್ನುವ ಹಾಳೆಯನ್ನು ಮೂಗಿನ ಹತ್ತಿರ ತಂದರು. ನನಗೆ ಆ ಹಾಳೆ ಬೇಕಾಗಿರಲಿಲ್ಲ. ಅವರಿಗೆ ಹೊತ್ತು ಬೇಕು, ನಿಜ. ಆದರೆ ಅಲ್ಲಿ ಮಲಗಿರುವವನಿಗೆ ಮೊದಲು ಔಷಧಿ ಬೇಕು. ಹಾಳೆಯನ್ನು ಕಿತ್ತು ಮಗುಚಿಟ್ಟು, ಬೇಗ ಬೇಗ ಹೇಳಿದೆ: ಹೊಕ್ಕುಳಿಂದ ನಾಲ್ಕು ಬೆರಳು ಪಕ್ಕಕ್ಕೆ, ಚರ್ಮ ಚಿವುಟಿ ಹಿಡಿ, ನೆಟ್ಟಗೆ ಚುಚ್ಚು, ಒತ್ತು, ಹತ್ತು ಎಣಿಸಿ ತೆಗಿ. ಅವನು ಗಟ್ಟಿಯಾಗಿ ಎಣಿಸುವುದು ಕೇಳುತ್ತಿತ್ತು. ಓರಗಿತ್ತಿ ನನ್ನ ಮಂಡಿ ಹಿಡಿದು ಜೊತೆಗೇ ಎಣಿಸುತ್ತಿದ್ದಳು.

ಆಯಿತು ಅಂದ. ಇಡುತ್ತಾನೆ ಅಂತ ಗಾಬರಿಯಾಯಿತು. ಇನ್ನೂ ಆಗಿಲ್ಲ, ಈಗ ಊಟ ಕೊಡದಿದ್ದರೆ ಸೂಜಿಯೇ ಅವನನ್ನು ತೆಗೆದುಕೊಂಡು ಹೋಗುತ್ತದೆ ಅಂದೆ. ಇಷ್ಟು ದಿನ ಏನು ಕೊಟ್ಟಿದ್ದೀರಿ ಅಂತ ಕೇಳಿದೆ.

"ಪರೋಟ, ಬನ್ನು. ನೆನ್ನೆ ಜಾಮೂನು ತಂದ್ಕೊಟ್ಟೊ."

"ಜಾಮೂನಾ? ಸಕ್ಕರೆ ಕಾಯಿಲೆಯವನಿಗೆ?"

"ಅವ್ರೇ ಕೇಳುದ್ರು ಕನಮ್ಮೋ. ಪಾಪ ಅಂತ ತಂದೊ."

ಜಗಳ ಆಡಬಾರದು ಅನ್ನುವ ಪಾಠ ಅಲ್ಲಿಗೆ ಮುಗಿಯಿತು. ಅವನು ಕೇಳುತ್ತಾನೆ, ಮನೆಯಲ್ಲೂ ಕೇಳುತ್ತಾನೆ, ಕೇಳಿದ್ದನ್ನೆಲ್ಲ ಕೊಡುವವರಾ ನೀವು ಅಂತ ಶುರು ಮಾಡಿದವಳು ನಿಲ್ಲಿಸಲಿಲ್ಲ. ಬನ್ನಿನಲ್ಲಿ ಏನಿದೆ, ಪರೋಟದಲ್ಲಿ ಏನಿದೆ, ಬಾಳೆಹಣ್ಣು ಅರ್ಧ ಕೊಡು, ಅನ್ನ ಎಲ್ಲಾದರೂ ಸಿಗುತ್ತದಾ, ಮಜ್ಜಿಗೆ ಸಿಗುತ್ತದಾ, ನೀರು ಕಾಸಿದ್ದು ಕೊಟ್ಟಿದ್ದೀರಾ. ಅವನೂ ಪಾಪ ಒಂದೊಂದಕ್ಕೂ ಉತ್ತರ ಕೊಟ್ಟ. ಕೊನೆಗೆ ಸೋತ ದನಿಯಲ್ಲಿ ಅಂದ:

"ನಿಮ್ ಮೈದುನನ್ನ ಸಾಕಾದು ಬಲೇ ಕಷ್ಟ ಕನಮ್ಮೋ."

"ನಮಗೆ ಹೇಳ್ತೀಯಾ?" ಅಂದೆ.

ಅಷ್ಟರಲ್ಲಿ ಏನೋ ಬಿದ್ದ ಸದ್ದು, ನಾಯಿ ಬೊಗಳಿದ್ದು, ಯಾರೋ ಓಡಿದ್ದು. ಹಲೋ ಹಲೋ ಅಂದೆ. ಎಷ್ಟು ಹೊತ್ತೋ. ಬೇರೆ ದನಿ ಬಂತು, ಅಮ್ಮಾ ಫೋನ್ ಸಾಹೇಬರಿಗೆ ಕೊಡಿ ಅಂತ. ಸರ್ ಕೇಳಿಸಿಕೊಂಡು, ಉಸಿರಾಡುತ್ತಿದ್ದಾರೆ, ಆಂಬುಲೆನ್ಸ್ ಅಲ್ಲೇ ಇದೆ ಅಂದರು. ಮುಡುಕುತೊರೆ ಕಡೆ ಒಂದು ಬಾಳೆ ತೋಟದ ಮೋಟರ್ ಮನೆಯಲ್ಲಿ ಇಟ್ಟಿದ್ದರಂತೆ. ನೀರು ತೋರಿಸುವವರನ್ನೂ ಅಲ್ಲೇ ಹಿಡಿದರು, ಔಷಧಿ ಅಂಗಡಿಯ ಕವರ್ ಕೈಯಲ್ಲೇ ಇತ್ತಂತೆ. ಇಷ್ಟು ವರ್ಷ ಈ ಮನೆಯ ಮಜ್ಜಿಗೆ ಕುಡಿದ ಮನುಷ್ಯ. ಯಾಕೆ ಹೀಗೆ ಮಾಡಿದರು ಅಂತ ಇವರು ಈಗಲೂ ಊಟಕ್ಕೆ ಕೂತಾಗ ಚರ್ಚೆ ಮಾಡುತ್ತಾರೆ. ನಾನು ಕೇಳಲಿಲ್ಲ. ಕೇಳಿ ತಿಳಿದುಕೊಂಡು ಏನು ಮಾಡಲಿ?

ಓರಗಿತ್ತಿಯನ್ನು ಪೊಲೀಸರೇ ಜೀಪಿನಲ್ಲಿ ಮೈಸೂರಿನ ಆಸ್ಪತ್ರೆಗೆ ಕರೆದೊಯ್ದರು. ಅತ್ತೆ ಎದ್ದು ತಲೆಗೆ ಸ್ನಾನ ಮಾಡಿ, ಇಲ್ಲದ ಅಮ್ಮನಿಗೆ ಮೊಸರನ್ನ ಎಡೆ ಇಟ್ಟು ತಪ್ಪಾಯಿತು ಅಂತ ಕೆನ್ನೆ ಬಡಿದುಕೊಂಡು, ಸೊಪ್ಪು ಬಿಚ್ಚಿದರು. ಬಿಚ್ಚಿದ ಹತ್ತೇ ನಿಮಿಷಕ್ಕೆ ಎದುರುಮನೆಯಾಕೆ ಇಣುಕಿ, ಮೂರೇ ದಿನಕ್ಕೆ ಇಳೀತಾ ಅಂತ ಕೇಳಿದಳು. ಹೂಂ, ಇಳೀತು ಅಂದೆ.

ಎರಡೂವರೆಗೆ ಓರಗಿತ್ತಿ ಫೋನ್ ಮಾಡಿದಳು. ಡ್ರಿಪ್ ಹಾಕಿದ್ದಾರೆ, ಸಕ್ಕರೆ ಇಳಿಯುತ್ತಿದೆ, ಜೀವಕ್ಕೆ ಏನೂ ಇಲ್ಲ ಅಂದರಂತೆ, ಎರಡು ದಿನ ಅಲ್ಲೇ ಇರಬೇಕಂತೆ. ಅವನ ಕಿವಿಗೆ ಫೋನ್ ಇಟ್ಟಳು. "ಅತ್ತಿಗೆ, ಆ ಹುಚ್ಚುಮುಂಡೇದು ಚುಚ್ಚಿದ್ದೇನೋ ಸರಿಯಾಗೇ ಚುಚ್ತು" ಅಂದ. ಸರಿ ಮಲಗು ಅಂದೆ. 

ಅದಾದ ಮೇಲೆ ಒಲೆ ಹಚ್ಚಿದೆ. ಮುದ್ದೆ, ಅನ್ನ, ದಂಟಿನಸೊಪ್ಪಿನ ಸಾರು ಮಾಡಿದೆ, ಎರಡು ಹಪ್ಪಳ ಸುಟ್ಟೆ. ಸರ್ ಒಂದು ಮುದ್ದೆ ತಿಂದು, ಅತ್ತೆ ಬೀಗರಿಗೆ ಅಂತ ಒತ್ತಾಯ ಮಾಡಿ ಹಾಕಿದ ಇನ್ನರ್ಧವನ್ನೂ ತಿಂದರು. ಅತ್ತೆ ಸಾರನ್ನ ಎರಡು ತುತ್ತು. ನಾನು ನಿಂತೇ ತಿಂದೆ, ತಳದಲ್ಲಿ ಉಳಿದದ್ದು. ಪಾತ್ರೆ ತೊಳೆದು ಬರುವಷ್ಟರಲ್ಲಿ ಸರ್ ಪ್ಲಾಸ್ಟಿಕ್ ಕುರ್ಚಿಯಲ್ಲೇ ಬಾಯಿ ತೆರೆದುಕೊಂಡು ನಿದ್ದೆ ಹೋಗಿದ್ದರು. ಅವರನ್ನು ಕರೆದೊಯ್ಯಲು ಬಂದ ಜೀಪು ಗೇಟಿನಲ್ಲಿ ಹಾರನ್ ಮಾಡಿತು. ಹೋಗಿ ಡ್ರೈವರಿಗೆ, ಸ್ವಲ್ಪ ಹೊತ್ತು ಇರಪ್ಪ ಅಂತ ಹೇಳಿ ಒಂದು ಲೋಟ ಮಜ್ಜಿಗೆ ಕೊಟ್ಟುಬಂದೆ. ಅಷ್ಟರಲ್ಲಿ ಅತ್ತೆಯೂ ಚಾಪೆ ಮೇಲೆ ಮಲಗಿದ್ದರು. ಪಕ್ಕದಲ್ಲೇ ಅಡ್ಡಾದೆ, ನಾನು ಮೂರನೆಯವಳು.